ಕುದುರೆ ಮರಳುವ ಸಂದು

ರಘುನಾಥ ಅವರು ಯಾವ ಬಾಗಿಲನ್ನೂ ನೇರವಾಗಿ ದಾಟಿದ್ದನ್ನು ನಾನು ಕಂಡಿಲ್ಲ. ಬ್ಯಾಂಕಾಗಲಿ, ದೇವಸ್ಥಾನವಾಗಲಿ, ಟೊರಾಂಟೊದ ಜೆರಾರ್ಡ್ ಇಂಡಿಯಾ ಬಜಾರಿನ ಇಕ್ಕಟ್ಟಾದ ದಿನಸಿ ಅಂಗಡಿಯಾಗಲಿ, ಹೊಸ್ತಿಲಿಗೆ ಬಂದೊಡನೆ ನಿಂತು, ಎಡಭುಜವನ್ನು ಚೌಕಟ್ಟಿಗೆ ಆನಿಸಿ, ಮೈಯನ್ನು ಓರೆ ಮಾಡಿ, ಹಿಂದಿನವರೆಲ್ಲ ಒಳಗೆ ಹೋಗುವ ತನಕ ಬಾಗಿಲು ಹಿಡಿದಿರುತ್ತಾರೆ. ಹಿಂದೆ ಬರುವವರಿಗಾಗಿ ಬಾಗಿಲು ಹಿಡಿಯುವುದು ಈ ದೇಶದಲ್ಲಿ ಎಲ್ಲರೂ ಪಾಲಿಸುವ ಮರ್ಯಾದೆಯೇ. ಆದರೆ ಇವರು ಒಳಗೆ ಹೋಗುವವರ ಮುಖ ನೋಡುವುದಿಲ್ಲ, ಅವರ ಥ್ಯಾಂಕ್ಯೂಗೆ ಮರುನುಡಿಯುವುದೂ ಇಲ್ಲ. ದೃಷ್ಟಿ ಸದಾ ಹೊರಗೆ, ಪಾರ್ಕಿಂಗ್ ಲಾಟಿನ ಆಚೆ ತುದಿಯಲ್ಲಿ, ಇನ್ನೂ ಯಾರಾದರೂ ಬರುವವರಿದ್ದಾರೆಯೇ ಎಂದು ಹುಡುಕುತ್ತಿರುತ್ತದೆ. ಜನವರಿಯ ಗಾಳಿ ಒಳನುಗ್ಗಿ ಅಂಗಡಿಯಾತ ಗೊಣಗಿದರೂ ಅವರು ಕದಲುವವರಲ್ಲ. ಅವರ ಕಂದುಬಣ್ಣದ ಉಣ್ಣೆಯ ಕೋಟು ಬೇರೆಲ್ಲ ಕಡೆ ಗಟ್ಟಿಯಾಗಿದ್ದು, ಎಡಭುಜದಲ್ಲಿ ಮಾತ್ರ ನೂಲು ಬಿಟ್ಟಿದೆ.

ವಯಸ್ಸು ಅರವತ್ತು ದಾಟಿದೆ. ಮೈಸೂರಿನಲ್ಲಿ ಎಂಜಿನಿಯರಿಂಗ್ ಓದಿ ಟೊರಾಂಟೊಗೆ ಬಂದವರು, ಎತ್ತರದ ಕಟ್ಟಡಗಳಿಗೆ ಬೆಂಕಿ ಬಿದ್ದರೆ ಒಳಗಿನ ಜನ ಯಾವ ಮೆಟ್ಟಿಲಿಳಿದು ಯಾವ ಬಾಗಿಲಿನಿಂದ ಹೊರಬರಬೇಕೆಂದು ಲೆಕ್ಕ ಹಾಕುವ ಕೆಲಸವನ್ನೇ ನಿವೃತ್ತಿಯ ತನಕ ಮಾಡಿದರು. ನಾವಿಬ್ಬರೂ ಜಾರ್ಜ್‌ಟೌನಿನಿಂದ ಟೊರಾಂಟೊದ ಕೆಲಸಕ್ಕೆ ಬೆಳಗಿನ ಒಂದೇ ರೈಲು ಹಿಡಿಯುತ್ತಿದ್ದೆವು. ನಡಿಗೆ ನಿಧಾನ, ಬೆನ್ನು ನೆಟ್ಟಗೆ, ಮಾತು ಬಹಳ ಕಡಿಮೆ. ಮನಸ್ಸಿಗೆ ಹತ್ತಿರವಾದದ್ದನ್ನು ಹೇಳುವ ಮುಂಚೆ ‘ಅದಿರ್ಲಿ ಸಾರ್’ ಎನ್ನುವುದು ಅವರ ರೂಢಿ. ಹಾಗೆಂದಾಗ ಅವರು ಯಾವುದನ್ನೋ ಬಿಡುತ್ತಿಲ್ಲ, ಹಿಡಿಯುತ್ತಿದ್ದಾರೆ ಎಂದು ತಿಳಿಯಲು ನನಗೆ ಕೆಲವು ಚಳಿಗಾಲಗಳೇ ಬೇಕಾದವು. ಒಂದು ಸಂಜೆ ಹಿಂದಿರುಗುವ ರೈಲಿನಲ್ಲಿ, ಪೀಠಿಕೆಯಿಲ್ಲದೆ, “ಅದಿರ್ಲಿ ಸಾರ್, ಬೈಜಾಂಟೈನರ ಕಾಲಾಳುಗಳ ಬಗ್ಗೆ ಏನಾದ್ರೂ ಓದಿದೀರಾ?” ಎಂದು ಕೇಳಿದರು. ನಾನು ಓದಿರಲಿಲ್ಲ, ಓದದಿರಲು ನನ್ನಲ್ಲಿ ಸಕಾರಣಗಳೂ ಇದ್ದವು. ಆದರೂ ಮುಂದಿನ ಶನಿವಾರ ಅವರ ಮನೆಗೆ ಹೋದೆ, ಬಹುಪಾಲು ಅವರ ಶ್ರೀಮತಿ ಕೋಕಿಲಾ ಅವರ ಫಿಲ್ಟರ್ ಕಾಫಿಯ ಆಸೆಗೆ.

ಅವರ ಬೇಸ್‌ಮೆಂಟಿನಲ್ಲಿ ಹಳೆಯದೊಂದು ಟೇಬಲ್ ಟೆನಿಸ್ ಮೇಜಿದೆ. ಅದರ ಮೇಲೆ ಅವರು ಕಡಲೆಕಾಳನ್ನು ಚಚ್ಚೌಕವಾಗಿ ಸಾಲುಗಟ್ಟಿಸಿ, ನಡುವೆ ಕೆಂಪು ರಾಜ್ಮಾ ಕಾಳನ್ನು ಗುಂಪುಗೂಡಿಸಿದ್ದರು. ಕಡಲೆ ಕಾಲಾಳು, ರಾಜ್ಮಾ ಕುದುರೆ. ಹತ್ತನೆಯ ಶತಮಾನದ ಆ ಸೇನೆಯ ಕಥೆ ಕೇಳಿದ ಯಾರಿಗಾದರೂ ಮನಸ್ಸು ಹರಿಯುವುದು ಕಬ್ಬಿಣ ತೊಟ್ಟ ರಾವುತರ ಕಡೆಗೇ: ಕಣ್ಣೊಂದನ್ನು ಬಿಟ್ಟು ಸವಾರನ ಸರ್ವಾಂಗಕ್ಕೂ ಕವಚ, ಕುದುರೆಗೂ ಮೊಣಕಾಲಿನ ತನಕ ಹೊದಿಕೆ, ಓಡದೆ ಒತ್ತಾಗಿ, ಸಾವಕಾಶವಾಗಿ ಶತ್ರುವಿನ ಎದೆಗೆ ಬಂದು ತಾಗುವ ಆ ಬೆಣೆಯಾಕಾರದ ಪಡೆ. ನಾನೂ ಅದನ್ನೇ ಕೇಳಿದೆ. ರಘುನಾಥರು ಅದಕ್ಕೆ ಗಮನವನ್ನೇ ಕೊಡದೆ, ಕಡಲೆಯ ಸಾಲಿನಲ್ಲಿ ಅಲ್ಲಲ್ಲಿ ಬಿಟ್ಟಿದ್ದ ಸಂದುಗಳ ಮೇಲೆ ಬೆರಳಿಟ್ಟರು.

“ಕುದುರೆ ಗೆಲ್ಲುತ್ತೆ ಸಾರ್, ಸರಿ. ಸೋತಾಗ ಎಲ್ಲಿಗೆ ಹೋಗುತ್ತೆ?”

ಅದೊಂದೇ ಪ್ರಶ್ನೆ ಅವರನ್ನು ಆ ದೂರದ ಸಾಮ್ರಾಜ್ಯಕ್ಕೆ ಕಟ್ಟಿಹಾಕಿತ್ತು. ಹತ್ತಿ ತುಂಬಿದ ಅಂಗಿ ತೊಟ್ಟು, ದೊಡ್ಡ ಗುರಾಣಿ ಹಿಡಿದು, ಉದ್ದನೆಯ ಭರ್ಚಿ ನೆಟ್ಟು ನಿಂತ ಕಾಲಾಳುಗಳು ಚೌಕದ ನಾಲ್ಕೂ ಬದಿಯಲ್ಲಿ ಗೋಡೆಯಾಗುತ್ತಿದ್ದರು. ರಾವುತರು ಆ ಸಂದುಗಳಿಂದ ಹೊರಟು ಹೋರಾಡಿ, ಸೋತರೆ ಅದೇ ಸಂದುಗಳಿಂದ ಒಳಗೆ ಬಂದು ಉಸಿರು ತೆಗೆದುಕೊಳ್ಳುತ್ತಿದ್ದರು. ಬೆನ್ನಟ್ಟಿ ಬಂದ ಶತ್ರು ನುಗ್ಗದಂತೆ ಈಟಿ ಎಸೆಯುವವರು ಸಂದನ್ನು ಮುಚ್ಚುತ್ತಿದ್ದರು. ನಮ್ಮ ಚಕ್ರವ್ಯೂಹ ಒಳಗೆ ಬಂದವನನ್ನು ಹೊರಗೆ ಬಿಡದಿರುವ ವಿದ್ಯೆಯಾದರೆ, ಇದು ಹೊರಗೆ ಹೋದವರನ್ನು ಒಳಗೆ ಕರೆದುಕೊಳ್ಳುವ ವಿದ್ಯೆ ಎಂದು ಅವರು ವಿವರಿಸಿದರು. ಆಗ ಅವರ ದನಿಯಲ್ಲಿ ಭಕ್ತಿಯೇ ಇತ್ತು. ಕಾಫಿ ತಂದ ಕೋಕಿಲಾ ಮೇಜಿನ ಕಡೆ ತಿರುಗಿಯೂ ನೋಡದೆ ಮೇಲೆ ಹೋದರು. ಮೆಟ್ಟಿಲ ನಡುವೆ ಒಮ್ಮೆ ನಿಂತು, ಉಸಿರು ಹಿಡಿದು, ಮತ್ತೆ ಹತ್ತಿದರು.

ನಮ್ಮ ಕನ್ನಡ ಬಳಗ ಪ್ರತಿ ಬೇಸಿಗೆಯಲ್ಲಿ ಜಾರ್ಜ್‌ಟೌನಿನ ಪಾರ್ಕಿನಲ್ಲಿ ಪಿಕ್ನಿಕ್ ನಡೆಸುತ್ತದೆ. ಬಳಗದ ಅಧ್ಯಕ್ಷ ಚಿಕ್ಕಣ್ಣ ಊಟಕ್ಕೂ ಹಗ್ಗಜಗ್ಗಾಟಕ್ಕೂ ನಡುವೆ ಒಂದಿಷ್ಟು ಸಮಯ ಕೊಟ್ಟು, “ರಘುನಾಥ್ ಅವ್ರೇ, ನಿಮ್ಮ ಯುದ್ಧ ಒಂದ್ಸಲ ತೋರಿಸ್ಬಿಡಿ, ಮಕ್ಕಳಿಗೂ ಎಂಟರ್‌ಟೇನ್‌ಮೆಂಟು” ಎಂದರು. ರಘುನಾಥರಿಗೆ ಅದು ಎಂಟರ್‌ಟೇನ್‌ಮೆಂಟ್ ಆಗಿರಲಿಲ್ಲ. ಐಸ್‌ಬಾಕ್ಸಿನ ಮುಚ್ಚಳ, ಅನ್ನದ ತಪ್ಪಲೆಯ ಮುಚ್ಚಳಗಳೇ ಗುರಾಣಿಯಾದವು, ಹಾಕಿ ಕೋಲುಗಳು ಭರ್ಚಿಯಾದವು. ನಡುವಯಸ್ಸಿನ ಗೃಹಸ್ಥರೆಲ್ಲ ಚೌಕವಾಗಿ, ಅಪ್ಪಣೆ ಕೊಡಲು ರಘುನಾಥರು ಸಂದಿನಲ್ಲಿ ನಿಂತರು. ದೂರದ ಒಶಾವಾದ ಕಾಲೇಜಿನಿಂದ ಬಂದಿದ್ದ ವಿದ್ಯಾರ್ಥಿಗಳು ಕುದುರೆಗಳು; ತಮಗೂ ಕುದುರೆಯಾಗುವ ಚಪಲವೆಂದು ಚಿಕ್ಕಣ್ಣನೂ ಒಂದಿಬ್ಬರು ಹಿರಿಯರೂ ಅವರ ಜೊತೆ ಸೇರಿಕೊಂಡರು. ಇಲ್ಲೇ ಹುಟ್ಟಿ ಬೆಳೆದ ಮಕ್ಕಳು ನೀರಿನ ಪಿಸ್ತೂಲು ಹಿಡಿದ ಶತ್ರುಗಳು.

ಕುದುರೆಗಳು ಹೊರಟದ್ದು ಚೆನ್ನಾಗಿಯೇ ಇತ್ತು. ಪಿಸ್ತೂಲಿನ ನೀರಿಗೆ ಸೋತು, ಬೆನ್ನು ತೋರಿಸಿ, ಸಂದಿನ ತನಕ ಓಡಿಬಂದವು. ಅಲ್ಲಿ ನಿಂತುಬಿಟ್ಟವು. ಮುಂದಿದ್ದ ಹುಡುಗ ಹರ್ಷ ಪಕ್ಕಕ್ಕೆ ಸರಿದು, “ನೀವ್ ಹೋಗಿ ಅಂಕಲ್” ಎಂದ. ಚಿಕ್ಕಣ್ಣ ಏದುಸಿರು ಬಿಡುತ್ತಲೇ, “ಹೇ, ಇಲ್ಲಪ್ಪ, ಹೆಣ್ಮಕ್ಕಳು ಮೊದ್ಲು ಹೋಗ್ಲಿ” ಎಂದರು. ಹೆಣ್ಣುಮಕ್ಕಳು, “ಪರ್ವಾಗಿಲ್ಲ, ದೊಡ್ಡೋರು ನೀವು, ನೀವ್ ಹೋಗಿ” ಎಂದರು. ಸಂದು ಕಾಯುತ್ತಿದ್ದವರೂ ಗುರಾಣಿ ಕೆಳಗಿಟ್ಟು, ಬನ್ನಿ ಬನ್ನಿ ಎಂದು ಮದುವೆ ಮನೆಯ ಬಾಗಿಲಲ್ಲಿ ನಿಂತವರಂತೆ ಉಪಚಾರಕ್ಕೆ ತೊಡಗಿದರು. ಅಷ್ಟರಲ್ಲಿ ಶತ್ರುಸೈನ್ಯ ಒಳಹೊಕ್ಕು ಎಲ್ಲರನ್ನೂ ತೋಯಿಸಿ, ಪಾನಕದ ಪಾತ್ರೆಯನ್ನೂ ವಶಪಡಿಸಿಕೊಂಡಾಗಿತ್ತು. ನಕ್ಕು ನಕ್ಕು ಹುಲ್ಲಿನ ಮೇಲೆ ಕುಳಿತವರೇ ಹೆಚ್ಚು.

ರಘುನಾಥರು ನಗಲಿಲ್ಲ. “ಬಾಗಿಲಲ್ಲಿ ಕೇಳ್ತಾ ನಿಲ್ಲಬಾರ್ದು. ಒಬ್ಬರನ್ನೊಬ್ಬರು ಕೇಳ್ತಾ ನಿಂತ್ರೆ ಎಲ್ಲಾರೂ ಸಾಯ್ತೀವಿ” ಎಂದರು, ತಮಾಷೆಯ ಲವಲೇಶವೂ ಇಲ್ಲದೆ.

ಹರ್ಷ ತಲೆ ಒರೆಸಿಕೊಳ್ಳುತ್ತ ಕೇಳಿದ: “ಅಂಕಲ್, ನಮ್ಮೋರೂ ಎನಿಮೀಸೂ ಮಿಕ್ಸ್ ಆಗ್ಬಿಟ್ಟು ಒಟ್ಟಿಗೇ ಬಂದ್ರೆ?”

“ಮುಚ್ತಾರೆ.”

“ಹೊರಗಿರೋರು?”

ರಘುನಾಥರು ಬಗ್ಗಿ ಹಾಕಿ ಕೋಲುಗಳನ್ನು ಆಯತೊಡಗಿದರು. ಮರದ ನೆರಳಲ್ಲಿ ಮಡಚುವ ಕುರ್ಚಿಯಲ್ಲಿ ಕುಳಿತಿದ್ದ ಕೋಕಿಲಾ ಅವರೇ, ಯಾವ ಕಹಿಯೂ ಇಲ್ಲದ ದನಿಯಲ್ಲಿ, “ಹೊರಗಿರೋರು ಹೊರಗಿರ್ತಾರಪ್ಪ” ಎಂದರು. ಹುಡುಗ ಪಾನಕ ಹುಡುಕಿಕೊಂಡು ಹೋದ. ನಾನು ಅವರ ಪಕ್ಕದಲ್ಲಿ ಹೋಗಿ ಕುಳಿತೆ. ಅಂದು ಅವರು ನನಗೆ ಹೇಳಿದ್ದು, ನಡುನಡುವೆ ಉಸಿರಿಗಾಗಿ ನಿಲ್ಲುತ್ತ ಹೇಳಿದ್ದು, ಇದು.

ಕೋಕಿಲಾ ವೃದ್ಧರ ಆರೈಕೆ ಗೃಹವೊಂದರಲ್ಲಿ ನರ್ಸ್ ಆಗಿದ್ದರು. ಕೊರೊನಾ ಬಂದ ಮೊದಲ ವಸಂತದಲ್ಲಿ ರಘುನಾಥರ ಕಚೇರಿ ಮನೆಯಿಂದಲೇ ನಡೆಯುತ್ತಿತ್ತು. ಮನೆಯಲ್ಲಿ ಅವರ ತಾಯಿ ಕಲಾವತಿ, ಎಂಬತ್ತು ಮೀರಿದವರು, ಆಮ್ಲಜನಕದ ಕೊಳವೆ ಮೂಗಿಗೆ ಹಾಕಿಕೊಂಡೇ ಬದುಕುತ್ತಿದ್ದವರು. ಕೋಕಿಲಾ ಶಿಫ್ಟ್ ಮುಗಿಸಿ ಬರುವ ಹೊತ್ತಿಗೆ ರಘುನಾಥರು ಗ್ಯಾರೇಜಿನ ಬಾಗಿಲು ತೆರೆದು ಕಾಯುತ್ತಿದ್ದರು. ಕೋಕಿಲಾ ಅಲ್ಲೇ ಬಟ್ಟೆ ಬದಲಿಸಿ, ಬೇಸ್‌ಮೆಂಟಿನಲ್ಲಿ ಸ್ನಾನ ಮಾಡಿ, ಅಲ್ಲೇ ಉಣ್ಣುತ್ತಿದ್ದರು. ಆ ಏರ್ಪಾಟು ಸುಸೂತ್ರವಾಗಿ ನಡೆದಿತ್ತು. ಒಂದು ಬೆಳಗ್ಗೆ ಕೋಕಿಲಾ ಫೋನ್ ಮಾಡಿ, ಜೊತೆಯಲ್ಲಿ ಕೆಲಸ ಮಾಡುವವಳಿಗೆ ಸೋಂಕು ತಗುಲಿದೆ, ತನಗೂ ಸಣ್ಣ ಕೆಮ್ಮಿದೆ, ಬರುತ್ತಿದ್ದೇನೆ ಎಂದರು. ಅವರು ಮನೆ ತಲುಪಿದಾಗ ಗ್ಯಾರೇಜು ಮುಚ್ಚಿತ್ತು. ಡ್ರೈವ್‌ವೇಯ ಮೇಲೆ ಏಪ್ರಿಲ್ ತಿಂಗಳ ಅಕಾಲದ ಹಿಮ. ಅದರ ಮೇಲೆ ಅವರ ಬಟ್ಟೆಗಳ ಸೂಟ್‌ಕೇಸು. ಕಿಟಕಿಯ ಗಾಜಿನ ಹಿಂದೆ ನಿಂತ ರಘುನಾಥರು ಫೋನಿನಲ್ಲಿ, ಒಶಾವಾದಲ್ಲಿರುವ ನಿನ್ನ ಗೆಳತಿ ಗಿರಿಜಾಳ ಬೇಸ್‌ಮೆಂಟು ಖಾಲಿಯಿದೆ, ಎಲ್ಲ ಮಾತಾಡಿದ್ದೇನೆ, ಅಲ್ಲಿಗೆ ಹೋಗು ಎಂದರು.

ಕೋಕಿಲಾ ಕಾರು ತಿರುಗಿಸಿಕೊಂಡು ಹೋದರು. ಅಲ್ಲಿ ಜ್ವರವೇರಿತು, ಉಸಿರು ಕಟ್ಟಿತು, ಆಸ್ಪತ್ರೆ ಸೇರಿದರು, ಬದುಕಿ ಬಂದರು. ಶ್ವಾಸಕೋಶ ಮಾತ್ರ ಪೂರ್ತಿ ಹಿಂದಿರುಗಲಿಲ್ಲ, ಕೆಲಸವೂ ಹೋಯಿತು. ಹೆಂಡತಿ ಆಸ್ಪತ್ರೆ ಸೇರುವ ತನಕ ರಘುನಾಥರು ದಿನವೂ ಅಷ್ಟು ದೂರ ಕಾರು ಓಡಿಸಿ, ಸಾರು ಅನ್ನವನ್ನು ಮೆಟ್ಟಿಲ ಮೇಲಿಟ್ಟು, ನೆಲಮಟ್ಟದ ಸಣ್ಣ ಕಿಟಕಿಯ ಮುಂದೆ ಹಿಮದಲ್ಲಿ ಮಂಡಿಯೂರಿ ಇಣುಕಿ ನೋಡಿ ಬರುತ್ತಿದ್ದರಂತೆ. ಕಲಾವತಮ್ಮನವರಿಗೆ ಸೋಂಕು ತಗುಲಲಿಲ್ಲ. ಸೊಸೆ ಎಲ್ಲಿದ್ದಳು, ಏಕೆ ಹೋದಳು ಎಂಬುದು ಅವರಿಗೆ ತಿಳಿದಾಗ, “ನನಗೋಸ್ಕರ ಅವಳನ್ನ ಹೊರಗಿಟ್ಯಾ? ನನ್ನನ್ನ ಒಂದು ಮಾತು ಕೇಳಬಾರ್ದಿತ್ತೇನೋ?” ಎಂದರಂತೆ. ಅದಾದ ಮೇಲೆ ತೀರಿಕೊಳ್ಳುವ ತನಕ ಮಗನ ಕೈಯಿಂದ ಔಷಧಿ ತೆಗೆದುಕೊಳ್ಳಲಿಲ್ಲ, ಸೊಸೆಯೇ ಕೊಡಬೇಕಿತ್ತು.

ನನಗೆ ಆ ಮನುಷ್ಯನ ಮೇಲೆ ಸಿಟ್ಟು ಬಂತು. ಅತ್ತ, ಗುರಾಣಿಗಳನ್ನೆಲ್ಲ ಮತ್ತೆ ತಪ್ಪಲೆಗಳ ಮೇಲೆ ಮುಚ್ಚುತ್ತಿದ್ದ ಅವರನ್ನು ನೋಡಿ ಮರುಕವೂ ಆಯಿತು. “ಅವರು ಮಾಡಿದ್ದು ತಪ್ಪೂಂತೀರಾ?” ಎಂದು ಕೇಳಿದೆ.

“ತಪ್ಪಲ್ಲ ಸಾರ್. ನಾನೂ ನರ್ಸು, ನಂಗ್ ಗೊತ್ತಾಗಲ್ವಾ? ಅವ್ರ ಜಾಗದಲ್ಲಿದ್ರೆ ನಾನೂ ಅದನ್ನೇ ಮಾಡ್ತಿದ್ದೆ. ಒಂದು ಮಾತು ಕೇಳಿದ್ರೆ ನಾನೇ ಹೋಗ್ತಿದ್ದೆ.” ಸ್ವಲ್ಪ ಹೊತ್ತು ಉಸಿರಾಡಿಕೊಂಡರು. “ಹೋಗೋದು ಬೇರೆ, ಕಳಿಸೋದು ಬೇರೆ. ಕಳಿಸ್ಬಿಟ್ರು.”

ರಘುನಾಥರು ಹಾಕಿ ಕೋಲುಗಳನ್ನು ಕಂಕುಳಲ್ಲಿ ಹಿಡಿದು ನಮ್ಮ ಹಿಂದೆಯೇ ನಿಂತಿದ್ದರು. ಎಷ್ಟು ಕೇಳಿಸಿಕೊಂಡರೋ ನಾನರಿಯೆ. ಕುರ್ಚಿ ಮಡಚಲು ಹೆಂಡತಿಗೆ ನೆರವಾಗಿ, ಕಾರಿನ ಕಡೆ ನಡೆದರು. ಆ ಚಳಿಗಾಲವಿಡೀ ಅವರು ನನ್ನೊಡನೆ ಬೈಜಾಂಟೈನರ ಮಾತೆತ್ತಲಿಲ್ಲ. ಮೇಜಿನ ಮೇಲಿನ ಕಡಲೆಕಾಳು ಉಸಲಿಯಾಯಿತೆಂದು ಕೋಕಿಲಾ ಹೇಳಿದರು.

ಮರುವರ್ಷದ ಪಿಕ್ನಿಕ್ಕಿಗೆ ಚಿಕ್ಕಣ್ಣ ಮತ್ತೆ ಯುದ್ಧ ಬೇಕೆಂದರು. ರಘುನಾಥರು ಒಪ್ಪಿದರು. ಈ ಸಲ ಅವರು ಸಂದಿನಲ್ಲಿ ನಿಲ್ಲಲಿಲ್ಲ. ಕೋಕಿಲಾ ಅವರ ಕುರ್ಚಿಯನ್ನು ತಾವೇ ಎತ್ತಿ ತಂದು ಸಂದಿನ ಬದಿಗೆ ಹಾಕಿ, “ಇದನ್ನ ನೀನು ನೋಡ್ಕೋ” ಎಂದರು.

“ನನಗೆಲ್ಲಿದೆ ರೀ ಉಸಿರು, ಕೂಗೋಕೆ?”

“ಮೆಲ್ಲಗೆ ಹೇಳಿದ್ರೂ ಸಾಕು. ಕೇಳಿಸ್ಕೋತಾರೆ.”

ಹಾಗೆಂದು, ಮಂಡಿನೋವಿನ ಆ ಮನುಷ್ಯ ಹುಡುಗರ ಜೊತೆ ಕುದುರೆಯಾಗಿ ಹೊರಟರು. ಹೋದ ವರ್ಷದ ಪಾಠ ಎಲ್ಲರಿಗೂ ನೆನಪಿತ್ತು. ಹಿಂದಿರುಗುವಾಗ ಯಾರೂ ಯಾರಿಗೂ ದಾರಿ ಬಿಡದೆ ಸರಸರನೆ ಒಳಗೆ ಸೇರಿದರು. ಕೊನೆಯಲ್ಲಿ ರಘುನಾಥರು ಉಳಿದರು. ಕುಂಟುತ್ತ ಬರುತ್ತಿದ್ದರು, ಅವರನ್ನು ಸುತ್ತುವರಿದು, ಅವರ ತೋಳಿಗೇ ಅಂಟಿಕೊಂಡಂತೆ ಪಿಸ್ತೂಲಿನ ಮಕ್ಕಳು. ಅವರಿಗಾಗಿ ತೆರೆದರೆ ಎಲ್ಲರೂ ಒಳಗೆ ಬರುತ್ತಾರೆಂಬುದು ಸ್ಪಷ್ಟವಿತ್ತು. “ಕ್ಲೋಸ್ ಮಾಡಿ ಆಂಟಿ, ಕ್ಲೋಸ್ ಮಾಡಿ” ಎಂದು ಹರ್ಷ ಅವಸರಿಸಿದ. ಕೋಕಿಲಾ ಕುರ್ಚಿಯಿಂದ ಎದ್ದರು. ಎರಡೂ ಬದಿಯ ಗುರಾಣಿಗಳನ್ನು ಕೈಯೆತ್ತಿ ತಡೆದರು.

“ರೀ,” ಎಂದು ಕರೆದರು. “ಮುಚ್ಲಾ?”

ರಘುನಾಥರು ಇದ್ದಲ್ಲೇ ನಿಂತರು. ನಾಲ್ಕೂ ದಿಕ್ಕಿನಿಂದ ನೀರು ಬೀಳುತ್ತಿತ್ತು, ಮಕ್ಕಳು ಕಿರುಚುತ್ತಿದ್ದರು, ನೋಡುತ್ತಿದ್ದವರು ನಗುತ್ತಿದ್ದರು. ಗಂಡಹೆಂಡಿರ ನಡುವೆ ಏನು ನಡೆಯುತ್ತಿದೆಯೆಂದು ಅಲ್ಲಿ ಬಲ್ಲವರು ಬಹಳ ಮಂದಿ ಇರಲಿಲ್ಲ. ಕೋಕಿಲಾ ಕಾದರು.

“ಮುಚ್ಚು ಕೋಕಿಲಾ,” ಎಂದರು ರಘುನಾಥರು. ಮತ್ತೆ, ನಮಗೆಲ್ಲ ಕೇಳಿಸುವಂತೆ, “ನಾನು ಕೇಳಬೇಕಿತ್ತು” ಎಂದರು.

ಗುರಾಣಿಗಳು ಕೂಡಿಕೊಂಡವು. ಅವರು ಹೊರಗೇ ಉಳಿದು ತೋಯ್ದು ತೊಪ್ಪೆಯಾದರು. ಆಟ ಮುಗಿದ ಮೇಲೆ ಕೋಕಿಲಾ ಟವೆಲ್ ಹಿಡಿದು ನಿಧಾನವಾಗಿ ಹೊರಗೆ ನಡೆದುಹೋಗಿ, ತಲೆ ಒರೆಸಿಕೊಳ್ಳಿ ಎಂದು ಕೊಟ್ಟರು. ಅವರು ಟವೆಲನ್ನು ಮುಖಕ್ಕೆ ಒತ್ತಿಕೊಂಡು ಬಹಳ ಹೊತ್ತು ತೆಗೆಯಲಿಲ್ಲ. ನಾವೆಲ್ಲ ಆ ಕಡೆ ನೋಡದೆ ಮೊಸರನ್ನದ ಸಾಲಿನಲ್ಲಿ ನಿಂತೆವು.

ಕುದುರೆ ಏರಿದವರ ಚರಿತ್ರೆಯನ್ನು ಎಲ್ಲ ಕಾಲದವರೂ ಬರೆದಿದ್ದಾರೆ. ಸಂದು ಕಾಯುವವರ ಕುಲ ಬೇರೆ. ಪ್ರತಿ ಮನೆಯಲ್ಲೂ, ಕಚೇರಿಯಲ್ಲೂ, ಗಡಿಯಲ್ಲೂ ಅಂಥವರೊಬ್ಬರಿರುತ್ತಾರೆ. ಹಿಂದಿರುಗುವವರೆಲ್ಲ ಅವರನ್ನೇ ನೆಚ್ಚಿರುತ್ತಾರೆ. ತೆರೆಯುವ ಪುಣ್ಯಕ್ಕಿಂತ ಮುಚ್ಚುವ ಪಾಪವೇ ಅವರ ಪಾಲಿಗೆ ಹೆಚ್ಚು ಬರುತ್ತದೆ. ಅವರ ಲೆಕ್ಕ ತಪ್ಪುವುದು ಅಪರೂಪ. ತಪ್ಪಲಿಲ್ಲವೆಂಬ ಸಮಾಧಾನದಲ್ಲಿ ಅವರು ಆಯುಷ್ಯವನ್ನೇ ಕಳೆಯಬಲ್ಲರು, ಮತ್ತು ಆ ಸಮಾಧಾನ ಅವರನ್ನು ಒಂದು ದಿನವೂ ನಿದ್ರಿಸಗೊಡುವುದಿಲ್ಲ. ಏಕೆಂದರೆ ಹೊರಗುಳಿದವರು ಮುಚ್ಚಿದ ಬಾಗಿಲನ್ನು ಕ್ಷಮಿಸಿಬಿಡುತ್ತಾರೆ. ಮುಚ್ಚುವ ಮುನ್ನ ತಮ್ಮನ್ನು ಒಂದು ಸಲ ಕೂಗಿ ಕೇಳಲಿಲ್ಲವೆಂಬುದನ್ನು ಅವರೂ ಮರೆಯಲಾರರು, ಒಳಗೆ ಉಳಿದುಕೊಂಡವರೂ ಮರೆಯಲಾರರು.