ಹನ್ನೊಂದು ಸೆಕೆಂಡಿನ ಎರ್ರೆಪ್ಪ

ಹಳೆಯ ವಿಡಿಯೊ ಹುಡುಕುವವರು ಕಾಲಿಗೆ ಚಕ್ರ ಕಟ್ಟಿಕೊಂಡೇ ಇರಬೇಕು. ಬಳ್ಳಾರಿಯ ಪಾರ್ವತಿನಗರದ ಸುಮೇಧಾ ಹಾಗೇ ತಿರುಗುತ್ತಿದ್ದಳು. ಟೀವಿ, ಸಿನಿಮಾದವರಿಗೆ ಬೇಕಾದ ದೃಶ್ಯ ಯಾರ ಮನೆಯ ಅಟ್ಟದ ಮೇಲಿದೆಯೆಂದು ಪತ್ತೆ ಹಚ್ಚುವುದು, ಅದನ್ನು ಬಳಸಲು ಒಪ್ಪಿಗೆ ಬರೆಸಿಕೊಳ್ಳುವುದು ಅವಳ ಕಸುಬು. ಮಗಳಿಗೇನು ಕೆಲಸ ಎಂದು ಮಠದಲ್ಲಿ ಯಾರಾದರೂ ಕೇಳಿದರೆ ತಾಯಿ ವೆಂಕೂಬಾಯಿ ‘ಕಂಪ್ಯೂಟರ್’ ಎಂದು ಹೇಳಿ ಕೈತೊಳೆದುಕೊಳ್ಳುತ್ತಿದ್ದರು.

ಈ ಸಲ ಒಂದು ಟೀವಿ ಚಿತ್ರಕ್ಕೆ ಬೇಕಾಗಿದ್ದದ್ದು 2009ರ ನೆರೆಯ ದೃಶ್ಯ. ಕುರುಗೋಡಿನಲ್ಲಿ ಮದುವೆ ವಿಡಿಯೊ ತೆಗೆಯುತ್ತಿದ್ದ ಹೊನ್ನೂರಸ್ವಾಮಿಯ ಬಳಿ ಅದು ಸಿಕ್ಕಿತು, ಅದೂ ಯಾರದೋ ಮದುವೆಯ ಕ್ಯಾಸೆಟ್ಟಿನ ಕೊನೆಯಲ್ಲಿ. ಒಂದಿಂಚು ಟೇಪೂ ದಂಡವಾಗಬಾರದೆನ್ನುವ ಜಿಪುಣ ಅವನು. ಅಕ್ಷತೆ ಬಿದ್ದು ಮುಗಿಯುತ್ತಲೇ ತೆರೆಯ ತುಂಬ ಕೆಂಪು ನೀರು. ಎದೆಮಟ್ಟದ ನೀರಿನಲ್ಲಿ ಹಗ್ಗ ಹಿಡಿದು ಬಂದ ಒಬ್ಬ, ಹೆಗಲ ಮೇಲಿನ ಮುದುಕಿಯನ್ನು ಟ್ರ್ಯಾಕ್ಟರಿಗೆ ಏರಿಸುತ್ತಾನೆ, ಕ್ಯಾಮೆರಾ ಕಡೆ ನೋಡಿ ನಗುತ್ತಾನೆ, ಮತ್ತೆ ನೀರಿಗಿಳಿಯುತ್ತಾನೆ. ಎಲ್ಲ ಸೇರಿ ಹನ್ನೊಂದು ಸೆಕೆಂಡು.

ಹೊನ್ನೂರಸ್ವಾಮಿ ಕಣ್ಣುಮುಚ್ಚಿ ಸಹಿ ಹಾಕಿದ. ಆದರೆ ಆ ಮನುಷ್ಯನ ಒಪ್ಪಿಗೆಯೂ ಬೇಕಿತ್ತು. ಅವನು ಸಿರುಗುಪ್ಪದ ಹತ್ತಿರದ ಕರೂರಿನ ಎರ್ರೆಪ್ಪ, ಅವತ್ತು ಇಳಿದವನು ತಿರುಗಿ ಬರಲಿಲ್ಲ, ಹೆಣವೂ ಸಿಗಲಿಲ್ಲ ಎಂದ ಹೊನ್ನೂರಸ್ವಾಮಿ. ಗಂಡ ಸತ್ತನೆಂದು ಬರೆದಿದ್ದ ಪರಿಹಾರದ ಕಾಗದಕ್ಕೆ ಅವನ ಹೆಂಡತಿ ಪಾರಮ್ಮ ಇವತ್ತಿಗೂ ಹೆಬ್ಬೆಟ್ಟು ಒತ್ತಿಲ್ಲವಂತೆ.

ಸುಮೇಧಾ ಕರೂರಿಗೆ ಹೋದಾಗ ಪಾರಮ್ಮ ಭತ್ತದ ನಾಟಿ ಮುಗಿಸಿ ಬಂದು ಕಾಲು ತೊಳೆಯುತ್ತಿದ್ದಳು. ಹಣೆಯಲ್ಲಿ ಕುಂಕುಮ, ಕೊರಳಲ್ಲಿ ತಾಳಿ, ಕೈತುಂಬ ಹಸಿರು ಬಳೆ. ಲ್ಯಾಪ್‌ಟಾಪಿನಲ್ಲಿ ಗಂಡನನ್ನು ನಾಲ್ಕು ಸಲ ನೋಡಿದಳು. ಅಳಲಿಲ್ಲ. ಅಂಗಿಯ ತೋಳು ಹರಿದಿದೆ, ಹೊಲಿದುಕೊಡು ಎಂದಿದ್ದರು, ನಾನೇ ಮರೆತಿದ್ದೆ ಎಂದಳು.

ಸುಮೇಧಾ ಕಾಗದ ಓದಿ ತಿಳಿಸಿದಳು. ದೃಶ್ಯದಲ್ಲಿ ಇರುವವರು ಬದುಕಿದ್ದರೆ ಅವರೇ ಸಹಿ ಹಾಕಬೇಕು, ತೀರಿಕೊಂಡಿದ್ದರೆ ಹೆಂಡತಿ. ಪಾರಮ್ಮನ ಕೈ ತಾಳಿಯ ಕಡೆ ಹೋಯಿತು. ಸುಮೇಧಾಳಿಗೆ ಸಂಕಟವಾಯಿತು. ಅವಳೇ ಇನ್ನೊಂದು ದಾರಿ ಹೇಳಿದಳು: ಸಹಿ ಬೇಡ, ಮುಖ ಮಾತ್ರ ಮಸುಕು ಮಾಡುತ್ತಾರೆ, ಯಾರೆಂದು ಒಬ್ಬರಿಗೂ ಗೊತ್ತಾಗುವುದಿಲ್ಲ.

“ಮಸುಕು ಮಾಡ್ಲಿಲ್ಲಂದ್ರ ಎಲ್ಲೀತನ ಕಾಣ್ತೈತಿ?” ಎಂದು ಪಾರಮ್ಮ ಕೇಳಿದಳು.

ದೇಶದ ತುಂಬ ಎಂದಳು ಸುಮೇಧಾ. ಆಂಧ್ರದಲ್ಲೂ ಕಾಣುತ್ತದೆಯೇ ಎಂದು ಪಾರಮ್ಮ ಮತ್ತೆ ಕೇಳಿದಳು. ಆಂಧ್ರದಲ್ಲೂ, ತೆಲುಗಿನಲ್ಲೂ ಬರುತ್ತದೆ ಎಂದಳು ಸುಮೇಧಾ. ಹೊಳೆ ಹರಿದುಹೋಗುವುದು ಆ ಕಡೆಗೇ.

ಪಾರಮ್ಮ ಸೆರಗಿಗೆ ಕೈ ಒರೆಸಿಕೊಂಡು ಹೆಬ್ಬೆರಳು ಚಾಚಿದಳು.

“ತೀರಿಕೊಂಡಾರಂತ ಬರಕೋರಿ,” ಎಂದಳು. “ಮುಖ ಮಾತ್ರ ಮುಚ್ಚಬ್ಯಾಡ್ರಿ. ಯಾರಾರ ಇವರನ್ನ ನೋಡೀವಿ ಅಂತ ಫೋನ್ ಮಾಡಿದ್ರ, ನನ್ನ ನಂಬರ ಕೊಡ್ರಿ.”

ಕಾಗದದಲ್ಲಿ ಅದಕ್ಕೆ ಜಾಗವಿರಲಿಲ್ಲ. ‘ಮೃತರು’ ಎಂದಿದ್ದ ಕಡೆ ಗುರುತು ಹಾಕಿ, ಅದರ ಪಕ್ಕದಲ್ಲೇ ಸುಮೇಧಾ ಆ ಹತ್ತು ಅಂಕಿಗಳನ್ನು ಬರೆದುಕೊಂಡಳು.