ಕಿಟಕಿಯ ಮೇಲಿನ ಉಸಿರು

ಆ ಹಿಮದ ಸೀಮೆಗೆ ಸೂರ್ಯ ಬರುವುದು ದೂರದ ನೆಂಟನ ಹಾಗೆ; ಬಾಗಿಲಲ್ಲೇ ನಿಂತು ಮುಖ ತೋರಿಸಿ ಹೊರಟುಬಿಡುತ್ತಾನೆ. ನೀರು, ಮಣ್ಣು, ಮರ ಎಲ್ಲವೂ ಹೆಪ್ಪುಗಟ್ಟಿದ ಅಂಥ ಕಡೆ ದೇವರು ಮನುಷ್ಯನ ಪಾಲಿಗೆ ಉಳಿಸಿಕೊಟ್ಟ ಬೆಚ್ಚಗಿನ ಒಡವೆ ಒಂದೇ, ಉಸಿರು. ಅದಕ್ಕೇ ಅಲ್ಲಿಯವರು ದೂರ ಹೊರಡುವ ಮುಂಚೆ ಒಳಮನೆಯ ಕಿಟಕಿಯ ಗಾಜಿಗೆ ಒಮ್ಮೆ ಉಸಿರು ಊದಿ ಹೋಗುತ್ತಾರೆ. ಊದಿದ್ದು ಗಳಿಗೆಯಲ್ಲಿ ಬಿಳಿ ಹೂವಾಗಿ ಗಾಜಿಗೆ ಕಚ್ಚಿಕೊಳ್ಳುತ್ತದೆ. ತಿರುಗಿ ಬಂದ ದಿನ ತಮ್ಮ ಅಂಗೈಯಿಂದಲೇ ಅದನ್ನು ಒರೆಸಬೇಕು, ಬೇರೆಯವರು ಮುಟ್ಟುವಂತಿಲ್ಲ. ಅಲ್ಲಿಯವರೆಗೆ ಆ ಕೋಣೆಯಲ್ಲಿ ಒಲೆ ಹಚ್ಚುವಂತಿಲ್ಲ. ಗಾಜಿನ ಎದುರು ನಿಲ್ಲುವವರು ಬಾಯಿಗೆ ಬಟ್ಟೆ ಕಟ್ಟಿಕೊಂಡೇ ನಿಲ್ಲಬೇಕು.

ಕಂಬಳಿ ನೇಯುವ ಮುದುಕಿಯ ಮಗ ಹಾಗೆ ಉಸಿರಿಟ್ಟು ಹೋಗಿ ನಾಲ್ಕು ತಿಂಗಳಾಗಿತ್ತು. ಹೆಪ್ಪುಗಟ್ಟಿದ ಸರೋವರದ ಮೇಲೆ ಜಾರುಬಂಡಿಯಲ್ಲಿ ಸೌದೆ ತರುವುದು ಅವನ ಕೆಲಸ. ಜೊತೆಗೆ ಹೋದವರು ತಲೆ ತಗ್ಗಿಸಿಕೊಂಡು ಬಂದು, ನಡುದಾರಿಯಲ್ಲಿ ಹಿಮ ಬಾಯಿಬಿಟ್ಟಿತು, ಬಂಡಿಯೂ ಅವನೂ ಒಟ್ಟಿಗೇ ಹೋದರು ಎಂದಿದ್ದರು. ಮುದುಕಿ ಪೂರ್ತಿ ಕೇಳಿಸಿಕೊಂಡಳು, ಅವರಿಗೆ ಬಿಸಿ ಹಾಲು ಕೊಟ್ಟು ಕಳಿಸಿದಳು, ನಂಬಲಿಲ್ಲ. "ಗಾಜಿನ ಮೇಲೆ ಉಸಿರು ಹಾಗೇ ಇದೆಯಲ್ಲ" ಎಂದಳು. ಸೊಸೆಗೆ ಆಗ ಐದು ತಿಂಗಳು. ಈಗ ಹೆಣ್ಣು ಕೂಸು ಹುಟ್ಟಿ ಹತ್ತು ದಿನ. ಹೆಸರಿನ ಮಾತೆತ್ತಿದರೆ, "ಅವನೇ ಬಂದು ಇಡ್ತಾನೆ" ಎಂದು ಮುದುಕಿ ಕಡ್ಡಿ ಮುರಿದ ಹಾಗೆ ಹೇಳುತ್ತಿದ್ದಳು.

ಹನ್ನೊಂದನೆಯ ಬೆಳಗ್ಗೆ ಹಿಮದ ಭಾರಕ್ಕೆ ಅಡುಗೆಮನೆಯ ಹೊಗೆಗೂಡು ಕುಸಿದು ಒಲೆಯ ಮೇಲೆಯೇ ಬಿತ್ತು. ಹೊರಗೆ ಚರ್ಮ ಸುಲಿಯುವಂಥ ಗಾಳಿ. ಹಸಿ ಕೂಸನ್ನು ಹೊಸ್ತಿಲು ದಾಟಿಸುವಂತಿರಲಿಲ್ಲ. ಪಕ್ಕದ ಮನೆಯ ಸೂಲಗಿತ್ತಿಯೂ ಗಾಜು ಕೂರಿಸುವ ಅವಳ ಗಂಡನೂ ಒಂದೇ ಹಗ್ಗವನ್ನು ಸೊಂಟಕ್ಕೆ ಸುತ್ತಿಕೊಂಡು ಬಂದರು.

"ದೇವರು ನನಗೆ ಇವರನ್ನ ಯಾಕೆ ಗಂಟು ಹಾಕಿದ ಅಂತ ನಲವತ್ತು ವರ್ಷ ಯೋಚನೆ ಮಾಡಿದೀನಿ," ಸೂಲಗಿತ್ತಿ ಹಗ್ಗ ಬಿಚ್ಚುತ್ತ ಹೇಳಿದಳು. "ಇವತ್ತು ತಿಳೀತು. ಗಾಳಿಗೆ ನಾನು ಹಾರಿಹೋಗಬಾರದು ಅಂತ."

"ಹಾರಿಹೋಗೋ ಮೈಯಾ ಅದು?" ಎಂದ ಗಂಡ.

ಕೂಸನ್ನು ಮುಟ್ಟಿದೊಡನೆ ಸೂಲಗಿತ್ತಿಯ ನಗು ನಿಂತಿತು. ತುಟಿ ನೀಲಿಗಟ್ಟಿತ್ತು. ಸೊಸೆ ಅದನ್ನು ಬರಿ ಎದೆಗೆ ಒತ್ತಿಕೊಂಡು ಮೇಲೆ ಮೂರು ಕಂಬಳಿ ಹೊದ್ದು ಕೂತಿದ್ದಳು. ಒಳಮನೆಯ ಮುಚ್ಚಿದ ಬಾಗಿಲ ಕಡೆ ಒಂದು ಸಲವೂ ಕಣ್ಣೆತ್ತಿರಲಿಲ್ಲ.

"ಅಕ್ಕಾ, ಒಳಗಿನ ಒಲೆ ಹಚ್ಚಬೇಕು," ಎಂದಳು ಸೂಲಗಿತ್ತಿ, ಮೆತ್ತಗೆ.

ಮುದುಕಿ ಗಾಜಿನವನ ಕಡೆ ತಿರುಗಿದಳು. "ಆ ಗಾಜನ್ನ ಬಿಚ್ಚಿ ತಣ್ಣಗಿರೋ ಕಡೆ ಇಟ್ಟುಬಿಡು ತಮ್ಮಾ. ಕಿಟಕಿಗೆ ಹಲಗೆ ಹೊಡೆಯೋಣ. ಆಮೇಲೆ ಎಷ್ಟು ಬೇಕಾದ್ರೂ ಉರಿಸ್ಕೊಳ್ಳಿ."

ಮುದುಕಿಯೂ ಗಾಜಿನವನೂ ಬಾಯಿಗೆ ಬಟ್ಟೆ ಕಟ್ಟಿಕೊಂಡು ಒಳಗೆ ಹೋದರು. ಸೊಸೆ ಕೂಸಿನೊಡನೆ ಬಾಗಿಲಲ್ಲಿ ನಿಂತಳು. ಗಾಜಿನವನು ಚೌಕಟ್ಟಿನ ಸುತ್ತ ಬೆರಳಾಡಿಸಿದ, ಉಳಿಯ ತುದಿ ತಾಗಿಸಿ ನೋಡಿದ, ಉಳಿಯನ್ನು ಜೇಬಿಗೆ ಇಳಿಬಿಟ್ಟ.

"ಮರ ಗಾಜನ್ನ ಕಚ್ಚಿ ಹಿಡ್ಕೊಂಡಿದೆ ಅಕ್ಕಾ. ಒಂದೇಟು ಹಾಕಿದ್ರೆ ಪುಡಿಪುಡಿ." ಗಾಜಿನ ಹತ್ತಿರ ಬಗ್ಗಿ, "ಒಬ್ಬನ ಉಸಿರು ಇಷ್ಟು ದಪ್ಪ ಕೂರಲ್ಲ. ಇದು ಪದರ ಪದರವಾಗಿದೆ," ಎಂದ.



"ನಾನು," ಎಂದಳು ಸೊಸೆ. "ದಿನಾ ನೀವು ಮಗ್ಗದ ಮುಂದೆ ಕೂತಾಗ ಬರ್ತಿದ್ದೆ ಅತ್ತೆ. ಬಟ್ಟೆ ಕಟ್ಕೊಂಡೇ ಬರ್ತಿದ್ದೆ. ಅಳು ಬಂದಾಗ ಅದರೊಳಗೆ ಉಸಿರಾಡೋಕೆ ಆಗ್ತಿರಲಿಲ್ಲ. ಬಿಚ್ಚಿಬಿಡ್ತಿದ್ದೆ. ಬೈಬೇಡಿ."

ಮುದುಕಿ ಬೈಯಲಿಲ್ಲ. ಅವಳೂ ಬೆಳಗಿನ ಪ್ರಾರ್ಥನೆಯನ್ನು ಆ ಗಾಜಿನ ಮುಂದೆಯೇ ಹೇಳುತ್ತಿದ್ದಳು. ಬಾಯಿ ಮುಚ್ಚಿಕೊಂಡು ದೇವರನ್ನು ಕೂಗುವುದು ಹೇಗೆ ಎಂದು ಬಟ್ಟೆ ಸರಿಸುತ್ತಿದ್ದಳು. ಗಾಜಿನ ಮೇಲಿನ ಹೂವು ದಿನದಿಂದ ದಿನಕ್ಕೆ ತುಂಬಿಕೊಂಡದ್ದನ್ನು ನೋಡಿ, ಮಗ ಎಲ್ಲೋ ಚೆನ್ನಾಗಿದ್ದಾನೆ ಎಂದುಕೊಂಡಿದ್ದಳು.

"ನಿನ್ನದೊಂದೇ ಅಲ್ಲ ಬಿಡಮ್ಮ," ಎಂದಳು.

ಕೂಸು ಅಳಲು ಬಾಯಿ ತೆರೆಯಿತು. ದನಿ ಹೊರಡಲಿಲ್ಲ.

ಮುದುಕಿ ಒಲೆಯ ಮುಂದೆ ಮಂಡಿಯೂರಿದಳು. ಪಕ್ಕದಲ್ಲಿ ಮಗ ತಂದು ಒಟ್ಟಿದ್ದ ಸೌದೆ ಹಾಗೇ ಇತ್ತು. ಸೂಲಗಿತ್ತಿ ಕಡ್ಡಿ ಗೀರಲು ಬಂದರೆ, "ಬೇಡ, ನಾನೇ" ಎಂದಳು. ಎರಡು ಕಡ್ಡಿ ಆರಿದವು. ಮೂರನೆಯದು ಹತ್ತಿತು.

ಕೋಣೆ ಕಾಯಲು ಬಹಳ ಹೊತ್ತು ಹಿಡಿಯಿತು. ಕೂಸಿನ ತುಟಿಗೆ ಬಣ್ಣ ಬಂತು, ಆಮೇಲೆ ದನಿ ಬಂತು. "ಅರಚು ತಾಯಿ, ಅರಚು. ನಿಮ್ಮಜ್ಜಿದೇ ಗಂಟಲು," ಎಂದು ಸೂಲಗಿತ್ತಿ ಅದರ ಅಂಗಾಲು ತಿಕ್ಕಿದಳು.

ಅಷ್ಟರಲ್ಲಿ ಗಾಜು ಬೆವರತೊಡಗಿತ್ತು. ಮೊದಲು ಮೇಲಿನ ಪದರಗಳು ಹೋದವು, ಸೊಸೆಯ ಅಳು, ಮುದುಕಿಯ ಪ್ರಾರ್ಥನೆ. ಎಲ್ಲಕ್ಕಿಂತ ಅಡಿಯಲ್ಲಿ ಒಂದು ಪುಟ್ಟ ಬಿಳಿ ಸುತ್ತು ಉಳಿಯಿತು. ಅದರ ನಡುವೆ ಮೂಗಿನ ಗುರುತು. ಉಸಿರು ಊದಿ ಮೂಗನ್ನು ಗಾಜಿಗೆ ಒತ್ತುವುದು ಮಗನ ಚಿಕ್ಕಂದಿನ ತುಂಟಾಟ. "ಮೂಗು ಅಲ್ಲೇ ಅಂಟ್ಕೊಂಡ್ರೆ ನಿನಗೆ ಹೆಣ್ಣು ಯಾರು ಕೊಡ್ತಾರೋ" ಎಂದು ಮುದುಕಿ ಆಗ ಗದರುತ್ತಿದ್ದಳು. ನಾಲ್ಕು ತಿಂಗಳು ದಿನವೂ ನೋಡಿದರೂ ಆ ಮೂಗು ಇಬ್ಬರ ಕಣ್ಣಿಗೂ ಬಿದ್ದಿರಲಿಲ್ಲ.

ಸೊಸೆ ಕೂಸಿನ ಮುಷ್ಟಿ ಬಿಡಿಸಿದಳು. "ಇವಳ ಕೈಯಿಂದ ಒರೆಸೋಣವಾ ಅತ್ತೆ?"

"ಬೇಡ. ಅದು ಅವನ ಕೆಲಸ. ತಾನಾಗೇ ಹೋಗ್ಲಿ."

ಸುತ್ತು ಅಂಚಿನಿಂದ ಕರಗುತ್ತ ಬಂದು, ಹನಿಯಾಗಿ ಇಳಿದು, ಚೌಕಟ್ಟಿನ ಮರದಲ್ಲಿ ಇಂಗಿತು. ಗಾಜಿನಾಚೆ ಸರೋವರ ಕಂಡಿತು. ಅದರ ಮೇಲೆ ಗಾಳಿ ಹಿಮದ ಪುಡಿಯನ್ನು ಗುಡಿಸುತ್ತಿತ್ತು.

ಮುದುಕಿ ಬಾಯಿಯ ಬಟ್ಟೆ ಬಿಚ್ಚಿ ಮಡಿಚಿಟ್ಟಳು. ಒಲೆಗೆ ಇನ್ನೊಂದು ಕೊರಡು ಹಾಕಿದಳು.

"ಗಾಳಿ ನಿಂತ ಮೇಲೆ ಹೆಸರಿಟ್ಟುಬಿಡೋಣ," ಎಂದಳು. "ಇಂಥದ್ದೇ ಇಡಬೇಕು ಅಂತ ನಿನ್ನ ಹತ್ರ ಏನಾದ್ರೂ ಹೇಳಿದ್ನಾ?"

"ಹೇಳಿದ್ರು," ಎಂದಳು ಸೊಸೆ. ಆದರೆ ಹೆಸರು ಹೇಳುವ ಮುಂಚೆ ಕೂಸಿನ ಕಂಬಳಿ ಸರಿಮಾಡಿದಳು, ಮತ್ತೊಮ್ಮೆ ಸರಿಮಾಡಿದಳು. ಮುದುಕಿ ಅವಳ ಬೆನ್ನ ಮೇಲೆ ಕೈಯಿಟ್ಟುಕೊಂಡು ಕಾದಳು.