ಪಡಿಯರತಿ

“ಪಡಿಯರತಿ! ಬಾಗಿಲಲ್ಲಿ ಯಾರೇ?”

ಒಳಕೋಣೆಯಿಂದ ದೊಡ್ಡತ್ತೆ ಮತ್ತೆ ಕೂಗಿದರು. ಸೊಸೆ ಬಟ್ಟೆ ಮಡಚುವುದನ್ನು ನಿಲ್ಲಿಸಲಿಲ್ಲ. ಯಾರೂ ಬಾಗಿಲು ತಟ್ಟಿರಲಿಲ್ಲ.

ದೊಡ್ಡತ್ತೆ ಅಂದರೆ ಮಾವನ ಅಕ್ಕ. ಹಾಸಿಗೆ ಹಿಡಿದು ವರ್ಷವಾಗಿತ್ತು. ಗಂಡ, ಮಾವ ಕೆಲಸಕ್ಕೆ ಹೋದಮೇಲೆ ಮನೆಯಲ್ಲಿ ಇವರಿಬ್ಬರೇ. ಮದುವೆಯಾಗಿ ಬಂದಾಗಿನಿಂದ ಒಮ್ಮೆಯೂ ಅವರು ಸೊಸೆಯನ್ನು ಹೆಸರು ಹಿಡಿದು ಕರೆದವರಲ್ಲ, ಯಾವಾಗಲೂ ಪಡಿಯರತಿ. ಪಡಿ ಅಂದರೆ ಅಳೆದು ಕೊಡುವ ದಿನಸಿ. ಹೊಟ್ಟೆಪಾಡಿಗೆ ಬಂದವಳು ಅಂತ ಹಂಗಿಸುತ್ತಿದ್ದಾರೆ ಎಂದುಕೊಂಡು ಅವಳು ಒಳಗೊಳಗೇ ಬೇಯುತ್ತಿದ್ದಳು. ಕೊನೆಗೊಂದು ಬೆಳಿಗ್ಗೆ, ಮಾವ ಚಪ್ಪಲಿ ಮೆಟ್ಟುತ್ತಿದ್ದಾಗ, ಕೇಳಿಯೇಬಿಟ್ಟಳು.

“ಅಯ್ಯೋ ಹುಚ್ಚಿ, ಬೈಗುಳ ಅಲ್ಲಮ್ಮ ಅದು,” ಮಾವ ನಕ್ಕರು. “ಪ್ರತಿಹಾರ ಅನ್ನೋ ಮಾತು ಬಾಯಿಂದ ಬಾಯಿಗೆ ಸವೆದು ಪಡಿಯರ ಆಯ್ತು. ಹಿಂದೆ ದೊಡ್ಡೋರ ಮನೇಲಿ ಬಾಗಿಲು ಕಾಯೋನು. ಹೆಂಗಸಾದ್ರೆ ಪಡಿಯರತಿ. ಬಂದೋರು ಯಾರು ಅಂತ ಒಳಗೆ ಹೇಳಿ, ಹೂಂ ಅಂದ್ರೆ ಮಾತ್ರ ಬಿಡೋಳು. ಅಕ್ಕ ಪಾಠ ಹೇಳ್ತಿದ್ದೋಳಲ್ವಾ, ಹಳೇ ಮಾತೆಲ್ಲ ನಾಲಿಗೆ ಮೇಲೇ ಇದೆ.”

“ನಾನು ಕಾಯೋಕೆ, ನಮ್ಮನೆಗೆ ಯಾರು ಬರ್ತಾರೆ ಮಾವ?”

ಅವರ ನಗು ಅರ್ಧಕ್ಕೇ ನಿಂತಿತು. ಒಳಕೋಣೆಯ ಕಡೆ ಒಮ್ಮೆ ನೋಡಿ ಹೊರಟುಹೋದರು.

ಅಂದು ಮಧ್ಯಾಹ್ನ ಯಾರೋ ನಿಜವಾಗಿಯೂ ಬಾಗಿಲು ತಟ್ಟಿದರು. ಹೊರಗೆ ನಡುವಯಸ್ಸಿನ ಹೆಂಗಸೊಬ್ಬಳು ನಿಂತಿದ್ದಳು. ಬೀದಿ ತುಂಬ ಧೂಳು. ಅವಳ ಬರಿಗಾಲು ಮಾತ್ರ ಆಗಷ್ಟೇ ತೊಳೆದಂತಿತ್ತು.

“ಪುಟ್ಟಿ ಇದ್ದಾಳಾ? ಕರ್ಕೊಂಡು ಹೋಗೋಣ ಅಂತ ಬಂದೆ.”

ಪುಟ್ಟಿ ಎಂದರೆ ಎಪ್ಪತ್ತು ದಾಟಿದ ದೊಡ್ಡತ್ತೆ, ಚಿಕ್ಕಂದಿನಲ್ಲಿ ಅವರಮ್ಮ ಮಾತ್ರ ಕರೆಯುತ್ತಿದ್ದ ಹೆಸರು ಅದು ಎಂದು ಹೊಳೆದದ್ದೇ ಸೊಸೆಯ ಮೈ ಜುಮ್ಮೆಂದಿತು. “ಅವರು ಮನೇಲಿಲ್ಲ,” ಎಂದವಳೇ ಕದ ಮುಚ್ಚಿ ಅಗುಳಿ ಜಡಿದಳು.

ಒಳಗೆ ದೊಡ್ಡತ್ತೆಯ ಕಣ್ಣು ತುಂಬಿತ್ತು. “ಸುಳ್ಳು ಹೇಳಿ ಅಟ್ಟಿಬಿಟ್ಟೆಯಲ್ಲೇ. ನನ್ನ ಒಂದು ಮಾತು ಕೇಳ್ಬಾರ್ದಿತ್ತಾ? ಎಷ್ಟು ದಿನದಿಂದ ದಾರಿ ನೋಡ್ತಿದ್ದೀನಿ.”

“ಬಿಟ್ಟಿದ್ರೆ ನಿಮ್ಮನ್ನ...”

“ಬರ್ಲಿ ಬೇಡ ಅನ್ನೋದು ನಾನು. ಬಂದು ಹೇಳೋದಷ್ಟೇ ನಿನ್ನ ಕೆಲಸ. ಹೆದರ್ಕೊಂಡ್ಯಾ ಮಗಳೇ?” ದೊಡ್ಡತ್ತೆ ಅವಳ ಕೆನ್ನೆ ಸವರಿದರು.

ಮರುದಿನ ದೊಡ್ಡತ್ತೆ ಹೇಳಿ ತಲೆ ಬಾಚಿಸಿಕೊಂಡರು, ಒಗೆದ ಸೀರೆ ಉಡಿಸಿಕೊಂಡರು. ಮಧ್ಯಾಹ್ನ ಮತ್ತೆ ಅದೇ ಸದ್ದು. ಸೊಸೆ ಕದದ ಸಂದಿಯಲ್ಲಿ ನೋಡಿದಳು; ಅದೇ ಹೆಂಗಸು. ಈ ಸಲ ಒಳಗೆ ಹೋಗಿ ಕೇಳಿದಳು: “ದೊಡ್ಡತ್ತೆ, ಬಂದಿದ್ದಾರೆ. ಬಿಡ್ಲಾ?”

“ಹೂಂ.”

ಅವಳು ಎರಡೂ ಕದ ತೆರೆದು ಗೋಡೆಗೆ ಒತ್ತಿ ನಿಂತಳು. ಹೆಂಗಸು ಅವಳಿಗೆ ತಲೆಯಾಡಿಸಿ, ಮನೆಯ ಮೂಲೆಮೂಲೆ ಬಲ್ಲವಳಂತೆ ನೇರ ಒಳಕೋಣೆಗೆ ನಡೆದಳು. ಸ್ವಲ್ಪ ಹೊತ್ತಿಗೆ ಅಲ್ಲಿಂದ ಚಿಕ್ಕ ಹುಡುಗಿಯೊಬ್ಬಳ ನಗು ಕೇಳಿಸಿತು.

ಬಿಸಿಲಿಳಿಯುವ ಹೊತ್ತಿಗೆ ಮಾವ ಬಂದರು. ತೆರೆದ ಕದ ನೋಡಿದರು, ಪಕ್ಕದಲ್ಲಿ ನಿಂತ ಸೊಸೆಯನ್ನು ನೋಡಿದರು, ಒಳಗಿನ ಪಿಸುಮಾತಿಗೆ ಕಿವಿಗೊಟ್ಟರು. ಹೊಸ್ತಿಲಿಗೆ ಎತ್ತಿದ ಕಾಲು ಹಿಂದೆ ಸರಿಯಿತು.

“ಒಳಗೆ ಬರಬಹುದಾ ಅಮ್ಮ?”

“ಸ್ವಲ್ಪ ಇರಿ ಮಾವ. ಇನ್ನೂ ಮಾತಾಡ್ತಿದ್ದಾರೆ.”

ಮಾವ ಕೈಚೀಲ ಕೆಳಗಿಟ್ಟು, ಯಾರದೋ ಮನೆಗೆ ಬಂದವರ ಹಾಗೆ, ಮೆಟ್ಟಿಲ ಅಂಚಿನಲ್ಲಿ ಕೂತರು.